ಬೆಳಿಗ್ಗೆ ಸುರಂಗ, ಮಧ್ಯಾಹ್ನ ಹೊಳೆ: ಅಮ್ಮನ ಜೊತೆ ವಿಯೆಟ್ನಾಮಿನಲ್ಲಿ ಒಂದು ದಿನ

"ಹೊಗೆ ಎಲ್ಲಿಗೆ ಹೋಗ್ತಿತ್ತಂತೆ? ಕೇಳೇ ಅವನ್ನ."

ಯುದ್ಧಕಾಲದ ಸುರಂಗಗಳಿರುವ ಕು ಚಿಯಲ್ಲಿ ನೆಲದೊಳಗಿನ ಅಡುಗೆಮನೆ ಮುಂದೆ ನಿಂತು ಅಮ್ಮ ಕೇಳಿದ ಮೊದಲ ಪ್ರಶ್ನೆ ಇದು. ನಮ್ಮ ವ್ಯಾನಿನಲ್ಲಿ ಬಂದಿದ್ದ ಬೇರೆಯವರು ಬಂದೂಕು, ಬಾಂಬು, ಮುಳ್ಳಿನ ಗುಂಡಿಗಳ ಬಗ್ಗೆ ಕೇಳುತ್ತಿದ್ದರು. ಅಮ್ಮ ತಿಪಟೂರಿನ ಹತ್ತಿರದ ಹಳ್ಳಿಯಲ್ಲಿ ಇಪ್ಪತ್ತೈದು ವರ್ಷ ಸೌದೆ ಒಲೆ ಊದಿದವಳು. ಮೇಲೆ ವಿಮಾನ ಹಾರುವಾಗ ಕೆಳಗೆ ಅನ್ನ ಬೇಯಿಸುವುದು ಹೇಗೆ ಅನ್ನುವುದು ಅವಳಿಗೆ ಎಲ್ಲಕ್ಕಿಂತ ದೊಡ್ಡ ವಿಷಯವಾಗಿ ಕಂಡಿತು. ಆ ಪ್ರಶ್ನೆ ಕೇಳಿದ ಮೇಲೆ ಇಡೀ ದಿನವನ್ನು ನಾನು ಅವಳ ಕಣ್ಣಿನಿಂದಲೇ ನೋಡಿದೆ.

ಹೋ ಚಿ ಮಿನ್ ನಗರಕ್ಕೆ ಹೋಗುವವರು ಸಾಮಾನ್ಯವಾಗಿ ಎರಡು ಜಾಗ ನೋಡುತ್ತಾರೆ. ಒಂದು ಕು ಚಿ ಸುರಂಗಗಳು, ಇನ್ನೊಂದು ಮೆಕಾಂಗ್ ನದಿಯ ಮುಖಜ ಭೂಮಿ. ನಮಗೆ ಆ ನಗರದಲ್ಲಿ ಇದ್ದದ್ದು ಮೂರೇ ದಿನ. ಹಾಗಾಗಿ ಎರಡನ್ನೂ ಒಂದೇ ದಿನದಲ್ಲಿ ಮುಗಿಸುವ ಟೂರ್ ಬುಕ್ ಮಾಡಿದೆ. ಬುಕ್ ಮಾಡುವ ಮೊದಲು ಮ್ಯಾಪ್ ನೋಡಿಕೊಳ್ಳಿ. ಕು ಚಿ ನಗರದ ವಾಯುವ್ಯಕ್ಕಿದೆ. ಮೆಕಾಂಗ್ ದೋಣಿ ಹತ್ತುವ ಮಿ ಥೋ ಊರು ನೈರುತ್ಯಕ್ಕೆ, ಸುಮಾರು 70 ಕಿ.ಮೀ. ದೂರ. ಒಂದನ್ನು ಮುಗಿಸಿ ಇನ್ನೊಂದಕ್ಕೆ ಹೋಗಲು ಮತ್ತೆ ನಗರದ ಕಡೆಗೇ ಬಂದು ತಿರುಗಬೇಕು. ನಾವು ಬೆಳಿಗ್ಗೆ ಏಳಕ್ಕೆ ಹೊರಟು ಸಂಜೆ ಏಳೂವರೆಗೆ ಹೋಟೆಲ್ ಸೇರಿದೆವು. ಅದರಲ್ಲಿ ಹತ್ತಿರ ಹತ್ತಿರ ಆರು ಗಂಟೆ ವ್ಯಾನಿನಲ್ಲೇ ಕಳೆಯಿತು. ವಯಸ್ಸಾದವರನ್ನು ಕರೆದುಕೊಂಡು ಹೋಗುವವರು ಈ ಲೆಕ್ಕ ಮೊದಲೇ ಹಾಕಬೇಕು. ದೊಡ್ಡ ಬಸ್ಸಿಗಿಂತ ಚಿಕ್ಕ ವ್ಯಾನಿನ ಟೂರಿಗೆ ಸ್ವಲ್ಪ ಜಾಸ್ತಿ ದುಡ್ಡು ಕೊಟ್ಟಿದ್ದೆ. ಅಮ್ಮನ ಮಂಡಿಗೆ ಅದರಿಂದ ತುಂಬಾ ಉಪಕಾರವಾಯಿತು.

ವೀಸಾ ಕಷ್ಟವಲ್ಲ. ಭಾರತದವರಿಗೆ ಆನ್‌ಲೈನಿನಲ್ಲೇ ಇ-ವೀಸಾ ಸಿಗುತ್ತದೆ. ಒಂದು ಸಲದ ಪ್ರವೇಶಕ್ಕೆ 25 ಡಾಲರ್.

ಕು ಚಿಯಲ್ಲಿ ಪ್ರವಾಸಿಗರಿಗೆ ತೆರೆದಿರುವ ಜಾಗಗಳು ಎರಡು: ಬೆನ್ ದಿನ್ ಮತ್ತು ಬೆನ್ ಡುಓಕ್. ನಗರಕ್ಕೆ ಹತ್ತಿರ ಇರುವುದು ಬೆನ್ ದಿನ್, ಒಂದು ದಿನದ ಟೂರಿನವರು ಕರೆದೊಯ್ಯುವುದು ಅಲ್ಲಿಗೇ. ಸುರಂಗ ತೋಡಲು ಶುರು ಮಾಡಿದ್ದು 1940ರ ದಶಕದಲ್ಲಿ, ಆಗ ಅಲ್ಲಿ ಆಳುತ್ತಿದ್ದ ಫ್ರೆಂಚರ ವಿರುದ್ಧ ವಿಯೆಟ್ನಾಮಿನ ಗೆರಿಲ್ಲಾಗಳು ಹೋರಾಡುವಾಗ. ಆಮೇಲೆ ಅಮೆರಿಕದ ವಿರುದ್ಧದ ಯುದ್ಧದಲ್ಲಿ ಅವು ಬೆಳೆದು 200 ಕಿ.ಮೀ.ಗೂ ಜಾಸ್ತಿ ಉದ್ದವಾದವು. ಮೂರು ಅಂತಸ್ತು. ಒಳಗೆ ಮಲಗುವ ಜಾಗ, ಆಸ್ಪತ್ರೆ, ಬಾವಿ, ಸಭೆ ಸೇರುವ ಕೋಣೆ ಎಲ್ಲ ಇತ್ತು. ತೋಡಿದ್ದು ಗಿಡ್ಡ ಗುದ್ದಲಿ ಮತ್ತು ಬಿದಿರಿನ ಬುಟ್ಟಿಯಿಂದ. ತೆಗೆದ ಮಣ್ಣು ಶತ್ರುವಿನ ಕಣ್ಣಿಗೆ ಬೀಳಬಾರದು ಅಲ್ವಾ? ಅದನ್ನು ರಾತ್ರೋರಾತ್ರಿ ಹೊತ್ತು ಬಾಂಬ್ ಬಿದ್ದ ಗುಂಡಿಗೋ ಹೊಳೆಗೋ ಸುರಿಯುತ್ತಿದ್ದರು. ಅಲ್ಲಿನ ಮಣ್ಣು ಜೇಡಿ ಬೆರೆತ ಗಟ್ಟಿ ಕೆಂಪು ಮಣ್ಣು. ತೋಡುವಾಗ ಬಿಡಿಸಿಕೊಳ್ಳುತ್ತದೆ, ಗಾಳಿ ತಾಗಿ ಒಣಗಿದ ಮೇಲೆ ಇಟ್ಟಿಗೆಯಂತೆ ನಿಲ್ಲುತ್ತದೆ. ಅಮ್ಮ ಬಗ್ಗಿ ಒಂದು ಹೆಂಟೆ ತೆಗೆದು ಬೆರಳಲ್ಲಿ ಉಜ್ಜಿ ನೋಡಿದಳು.

ಒಲೆಗೆ ಬರುತ್ತೇನೆ. ಅದಕ್ಕೆ ಹ್ವಾಂಗ್ ಕಾಮ್ ಒಲೆ ಎಂದು ಹೆಸರು. ಫ್ರೆಂಚರ ವಿರುದ್ಧದ ಯುದ್ಧದಲ್ಲಿ ಸೈನ್ಯಕ್ಕೆ ಅಡುಗೆ ಮಾಡುತ್ತಿದ್ದ ಹ್ವಾಂಗ್ ಕಾಮ್ ಎಂಬ ಅಡುಗೆಯವನು ಕಂಡುಹಿಡಿದದ್ದು. ಒಲೆಯಿಂದ ನೆಲದಲ್ಲಿ ಉದ್ದಕ್ಕೆ ಕಾಲುವೆ ತೋಡಿ, ಮೇಲೆ ಕೊಂಬೆ, ಎಲೆ, ಹಸಿ ಮಣ್ಣು ಮುಚ್ಚುತ್ತಾರೆ. ಹೊಗೆ ಆ ಕಾಲುವೆಯಲ್ಲಿ ಹೋಗುತ್ತಾ ಹೋಗುತ್ತಾ ತಣ್ಣಗಾಗುತ್ತದೆ. ಕೊನೆಗೆ ನೆಲದಿಂದ ತೆಳ್ಳಗೆ ಇಬ್ಬನಿಯ ಹಾಗೆ ಏಳುತ್ತದೆ. ಬೆಳಕು ಹರಿಯುವ ಮುಂಚೆಯೇ ಬೇಯಿಸುತ್ತಿದ್ದರು, ಹೊಗೆ ಇಬ್ಬನಿಯಲ್ಲಿ ಬೆರೆತುಹೋಗಲಿ ಅಂತ. ಅಲ್ಲಿ ಒಂದು ಒಲೆಯನ್ನು ಉರಿಸಿಯೇ ತೋರಿಸುತ್ತಾರೆ. ಗೈಡ್ ಹುಡುಗ ಬೆರಳು ಮಾಡಿದ ಕಡೆ ನೋಡಿದರೆ, ಒಲೆಯಿಂದ ಎಷ್ಟೋ ದೂರದಲ್ಲಿ, ಒಣಗಿದೆಲೆಗಳ ನಡುವೆ ನೆಲ ಉಸಿರಾಡುವ ಹಾಗೆ ಬಿಳಿ ಎಳೆ ಕಾಣುತ್ತಿತ್ತು.

"ಹೊರಗೆ ಹೊಗೆ ಕಾಣಲ್ಲ ಸರಿ. ಒಳಗೆ ಕೂತವಳ ಕಣ್ಣು?" ಅಂದಳು ಅಮ್ಮ. ನಾನು ಇದನ್ನೂ ಕೇಳಿದೆ. ಒಳಗೆ ಹೊಗೆ, ಸೆಕೆ ಎರಡೂ ಇತ್ತು ಅಂದ ಹುಡುಗ. ಅಡುಗೆ ಮಾಡುವವರು ಹೆಚ್ಚಾಗಿ ಹೆಂಗಸರು ಅಂತಲೂ ಹೇಳಿದ. ಅಮ್ಮ ಗೊತ್ತಿದ್ದ ವಿಷಯ ಕೇಳಿದವಳ ಹಾಗೆ ತಲೆ ಆಡಿಸಿದಳು.

ಪಕ್ಕದಲ್ಲೇ ಬೇಯಿಸಿದ ಮರಗೆಣಸು ಕೊಡುತ್ತಾರೆ. ಹುರಿದ ಕಡಲೆಕಾಯಿ, ಎಳ್ಳು, ಉಪ್ಪು, ಸಕ್ಕರೆ ಕುಟ್ಟಿದ ಪುಡಿಯಲ್ಲಿ ಅದ್ದಿಕೊಂಡು ತಿನ್ನಬೇಕು. ಸುರಂಗದಲ್ಲಿದ್ದವರ ದಿನದ ಊಟ ಎಷ್ಟೋ ಸಲ ಇಷ್ಟೇ. ಇದನ್ನು ಬಿಡಬೇಡಿ, ಟೂರಿನಲ್ಲಿ ಅಮ್ಮ ಹೊಟ್ಟೆ ತುಂಬಾ ತಿಂದದ್ದು ಇದೊಂದೇ.

ಗಾಳಿಗೆ ಮಾಡಿದ್ದ ತೂತುಗಳನ್ನು ಹುತ್ತದ ಒಳಗೆ ಅಡಗಿಸಿದ್ದರು. ನಿಜವಾದ ಹುತ್ತ ಯಾವುದು, ಸುಳ್ಳು ಹುತ್ತ ಯಾವುದು ಗೊತ್ತಾಗುವುದಿಲ್ಲ. ವಾಸನೆ ಹಿಡಿದು ಬರುವ ನಾಯಿಗಳಿಗೆ ಮೆಣಸಿನ ಪುಡಿ ಉದುರಿಸುತ್ತಿದ್ದರು. ಅಮೆರಿಕದ ಸೋಪು ಬಳಸಿದರೆ ನಾಯಿಗೆ ಅದು ಪರಿಚಯದ ವಾಸನೆ, ಸುಮ್ನೆ ಮುಂದೆ ಹೋಗುತ್ತಿತ್ತು. ಚಪ್ಪಲಿ ಮಾಡುತ್ತಿದ್ದದ್ದು ಹಳೇ ಟಯರಿನಿಂದ. ಸಿಡಿಯದೆ ಉಳಿದ ಬಾಂಬುಗಳನ್ನು ಗರಗಸದಿಂದ ಕೊಯ್ದು ಒಳಗಿನ ಮದ್ದು ತೆಗೆಯುತ್ತಿದ್ದರು. ಕೊಯ್ಯುವಾಗ ಕಬ್ಬಿಣ ಬಿಸಿಯಾಗದ ಹಾಗೆ ನೀರು ಹೊಯ್ಯುತ್ತಾ ಇರಬೇಕಿತ್ತು.

ಸುರಂಗದೊಳಗೆ ನಾನೊಬ್ಬಳೇ ಹೋದೆ. ಪ್ರವಾಸಿಗರಿಗಾಗಿ ಅದನ್ನು ಅಗಲ ಮಾಡಿದ್ದಾರೆ, ನಡುನಡುವೆ ಹೊರಬರುವ ಬಾಗಿಲುಗಳೂ ಇವೆ. ಆದರೂ ಕುಕ್ಕರಗಾಲಿನಲ್ಲಿ, ಕೆಲವು ಕಡೆ ಅಂಬೆಗಾಲಿನಲ್ಲೇ ಹೋಗಬೇಕು. ಎರಡನೇ ಬಾಗಿಲಿಗೇ ಹೊರಗೆ ಬಂದೆ. ಮೈಯೆಲ್ಲ ಬೆವರು, ಉಸಿರು ಸಾಲದು. ಅಗಲ ಮಾಡದ ಸುರಂಗದಲ್ಲಿ ಹಾವು, ಚೇಳು, ಮಲೇರಿಯಾ ಜೊತೆ, ಮೇಲೆ ಬಿ-52 ವಿಮಾನಗಳು ಬಾಂಬ್ ಸುರಿಯುತ್ತಿರುವಾಗ ವರ್ಷಗಟ್ಟಲೆ ಇದ್ದವರನ್ನು ನೆನೆದು ಹೊಟ್ಟೆಯಲ್ಲಿ ಏನೋ ಆಯಿತು. ಬಿಪಿ, ಆಸ್ತಮಾ, ಮಂಡಿನೋವು ಇರುವವರು ಇಳಿಯಲೇಬೇಡಿ. ಹೊರಗೆ ನೋಡುವುದೇ ಬೇಕಾದಷ್ಟಿದೆ.

ಒಂದು ವಿಷಯ ನನಗೆ ಇಷ್ಟವಾಗಲಿಲ್ಲ. ಅಲ್ಲೇ ಗುಂಡು ಹೊಡೆಯುವ ಜಾಗ ಇದೆ. ಎಕೆ-47, ಎಂ-16 ಬಂದೂಕು, ಗುಂಡಿನ ಲೆಕ್ಕದಲ್ಲಿ ದುಡ್ಡು. ನಾವು ಒಲೆ ನೋಡುವಾಗಲೂ, ಮರಗೆಣಸು ತಿನ್ನುವಾಗಲೂ ಆ ಸದ್ದು ಕಿವಿಗೆ ಬಡಿಯುತ್ತಿತ್ತು. ಇಷ್ಟು ಜನ ಸತ್ತ ನೆಲದಲ್ಲಿ ಅದು ಬೇಡವಾಗಿತ್ತು ಎಂದೇ ನನ್ನ ಅಭಿಪ್ರಾಯ. ಮೊದಲಿಗೆ ತೋರಿಸುವ ಕಪ್ಪುಬಿಳುಪು ಚಿತ್ರವೂ ಗೆದ್ದವರ ಕಡೆಯ ಮಾತನ್ನಷ್ಟೇ ಹೇಳುತ್ತದೆ. ಅದನ್ನು ತಿಳಿದುಕೊಂಡೇ ನೋಡಬೇಕು.

ಮಿ ಥೋ ತಲುಪುವಷ್ಟರಲ್ಲಿ ಮಧ್ಯಾಹ್ನ ಒಂದೂವರೆ. ಊಟದಲ್ಲಿ ಎಡವಟ್ಟಾಯಿತು. ಸಸ್ಯಾಹಾರ ಅಂತ ಬುಕ್ಕಿಂಗಿನಲ್ಲೇ ಬರೆದಿದ್ದೆ, ಫೋನ್ ಮಾಡಿಯೂ ಹೇಳಿದ್ದೆ. ಆದರೂ ಅಮ್ಮನ ಮುಂದೆ ಬಂದ ಸೊಪ್ಪಿನ ಪಲ್ಯಕ್ಕೆ ಮೀನಿನ ಸಾಸ್ ಹಾಕಿದ್ದರು. ಪಕ್ಕದ ಟೇಬಲ್ಲಿಗೆ ಆನೆಕಿವಿ ಮೀನು ಎಂದು ಕರೆಯುವ ಅಗಲವಾದ ಮೀನನ್ನು ಇಡಿಯಾಗಿ ಕರಿದು ನಿಲ್ಲಿಸಿ ತಂದಿದ್ದರು. ತಿನ್ನುವವರಿಗೆ ಅದು ಅಲ್ಲಿನ ವಿಶೇಷ. ಅಮ್ಮ ಬಿಳಿ ಅನ್ನ, ಹಣ್ಣು ತಿಂದು ಎದ್ದಳು. ನಮ್ಮ ಕಡೆಯವರಿಗೆ ಇದೊಂದು ಮಾತು ಕಲಿತುಕೊಳ್ಳಿ ಅನ್ನುತ್ತೇನೆ: "ಆನ್ ಚಾಯ್". ಅಂದರೆ ಬೌದ್ಧರ ಸಸ್ಯಾಹಾರ. ಅಲ್ಲಿ ಎಷ್ಟೋ ಜನ ಚಾಂದ್ರಮಾನದ ತಿಂಗಳಲ್ಲಿ ಮೊದಲ ದಿನ ಮತ್ತು ಹದಿನೈದನೇ ದಿನ ಮಾಂಸ ಮೀನು ಮುಟ್ಟುವುದಿಲ್ಲ, ನಮ್ಮಲ್ಲಿ ಕೆಲವರು ಅಮಾವಾಸ್ಯೆ ಹುಣ್ಣಿಮೆ ಮಾಡುವ ಹಾಗೆಯೇ. "ವೆಜಿಟೇರಿಯನ್" ಅಂದರೆ ಅರ್ಥವಾಗದ ಕಡೆ ಈ ಮಾತು ಕೆಲಸ ಮಾಡುತ್ತದೆ.

ಆಮೇಲೆ ಹೊಳೆ. ಹೊಳೆ ಅನ್ನಲೂ ಮನಸ್ಸು ಬರುವುದಿಲ್ಲ, ಅಷ್ಟು ಅಗಲ. ಮೆಕಾಂಗ್ ಟಿಬೆಟ್ಟಿನ ಎತ್ತರದಲ್ಲಿ ಹುಟ್ಟಿ ಆರು ದೇಶ ದಾಟಿ ಇಲ್ಲಿ ಕವಲುಗಳಾಗಿ ಸಮುದ್ರ ಸೇರುತ್ತದೆ. ವಿಯೆಟ್ನಾಮಿನವರು ಅದನ್ನು ಕೂ ಲೋಂಗ್, ಅಂದರೆ ಒಂಬತ್ತು ಡ್ರ್ಯಾಗನ್‌ಗಳ ನದಿ ಎನ್ನುತ್ತಾರೆ. ಮಿ ಥೋ ಇರುವುದು ತಿಯೆನ್ ಎಂಬ ಕವಲಿನ ದಡದಲ್ಲಿ. ನೀರು ಕಾಫಿ ಬಣ್ಣ, ಗಲೀಜಲ್ಲ, ಮೆಕ್ಕಲು ಮಣ್ಣು. ಅಂತರಗಂಗೆ ಗಿಡಗಳು ಗುಂಪು ಗುಂಪಾಗಿ ತೇಲಿ ಹೋಗುತ್ತಿದ್ದವು. ಮೋಟಾರ್ ದೋಣಿಯಲ್ಲಿ ಹೊಳೆ ದಾಟಿ ತೆಂಗಿನ ನಾಡು ಬೆನ್ ಟ್ರೆ ಕಡೆ ಇಳಿದೆವು.

ಅಲ್ಲಿ ಅಮ್ಮ ಬೇರೆಯೇ ಮನುಷ್ಯಳಾದಳು. ಬೋರ್‌ವೆಲ್ ಕೊರೆಸಿ ಕೊರೆಸಿ ಸಾಕಾದ ಊರಿನವರು ನಾವು. ಅಲ್ಲಿ ಮಣ್ಣು ಏರಿಸಿ ದಿಣ್ಣೆ ಮಾಡಿ, ದಿಣ್ಣೆ ಮೇಲೆ ತೆಂಗು, ನಡುವೆ ಕಾಲುವೆ. ಸಮುದ್ರದ ಉಬ್ಬರಕ್ಕೆ ನೀರು ಕಾಲುವೆಗೆ ಏರುತ್ತದೆ, ಇಳಿತಕ್ಕೆ ಹಿಂದೆ ಹೋಗುತ್ತದೆ. "ಹಾಗಾದ್ರೆ ಇವರು ನೀರು ಹಾಯಿಸೋದೇ ಬೇಡ್ವೇನೆ?" ಅಂತ ಎರಡು ಸಲ ಕೇಳಿದಳು. ಆದರೆ ಅವರಿಗೂ ಅವರ ಕಷ್ಟ ಇದೆ. ಬೇಸಿಗೆಯಲ್ಲಿ ನದಿಯ ಹರಿವು ಕಮ್ಮಿಯಾದರೆ ಸಮುದ್ರದ ಉಪ್ಪು ನೀರು ಒಳನುಗ್ಗುತ್ತದೆ. 2016 ಮತ್ತು 2020ರಲ್ಲಿ ಬೆನ್ ಟ್ರೆಯಲ್ಲಿ ಕುಡಿಯುವ ನೀರಿಗೇ ತತ್ವಾರವಾಗಿತ್ತು. ಇದನ್ನು ಹೇಳಿದಾಗ ಅಮ್ಮ ಸ್ವಲ್ಪ ಹೊತ್ತು ಮಾತಾಡಲಿಲ್ಲ.

ತೆಂಗಿನ ಮಿಠಾಯಿ ಮಾಡುವ ಮನೆಯಲ್ಲಿ ಅರ್ಧ ಗಂಟೆ ನಿಲ್ಲಿಸಿದರು. ಕಾಯಿ ತುರಿದು, ಹಾಲು ಹಿಂಡಿ, ಸಕ್ಕರೆ ಜೊತೆ ಮೊಳಕೆ ಧಾನ್ಯದ ಪಾಕ ಸೇರಿಸಿ ದೊಡ್ಡ ಬಾಣಲೆಯಲ್ಲಿ ಕಾಯಿಸುತ್ತಾರೆ. ಹದ ಬಂದ ಮೇಲೆ ಅಚ್ಚಿಗೆ ಸುರಿದು, ಕತ್ತರಿಸಿ, ತಿನ್ನಬಹುದಾದ ಅಕ್ಕಿ ಕಾಗದದಲ್ಲಿ ಸುತ್ತುತ್ತಾರೆ. ಒಲೆಗೆ ಹಾಕುವುದು ತೆಂಗಿನ ಚಿಪ್ಪು. ಹೊಗೆ ಸೂರಿನ ಕೆಳಗೆ ದಟ್ಟವಾಗಿ ನಿಂತಿತ್ತು. ಅಮ್ಮ ಅದನ್ನೇ ನೋಡುತ್ತಾ, "ಬೆಳಿಗ್ಗೆಯ ಒಲೆ ಹಾಕಿದವರ ಮಕ್ಕಳೇ ಅಲ್ವಾ ಇವರೆಲ್ಲ?" ಅಂದಳು.

ಅವಳು ಕೇಳಿದ್ದು ಸರಿಯಾಗಿಯೇ ಇತ್ತು. ಟೂರಿನವರು ಬೆಳಿಗ್ಗೆ "ಯುದ್ಧ", ಮಧ್ಯಾಹ್ನ "ಹಳ್ಳಿ ಜೀವನ" ಅಂತ ಭಾಗ ಮಾಡಿಬಿಡುತ್ತಾರೆ. ದೋಣಿ ಹತ್ತಿದ ಮೇಲೆ ಯುದ್ಧದ ಮಾತೇ ಇಲ್ಲ. ಆದರೆ 1960ರ ಜನವರಿಯಲ್ಲಿ ಅಮೆರಿಕದ ಬೆಂಬಲವಿದ್ದ ದಕ್ಷಿಣ ವಿಯೆಟ್ನಾಂ ಸರ್ಕಾರದ ವಿರುದ್ಧ ದಂಗೆ ಎದ್ದದ್ದು ಇದೇ ಬೆನ್ ಟ್ರೆಯ ಹಳ್ಳಿಗಳು. ಮುಂದೆ ನಿಂತವರಲ್ಲಿ ಒಬ್ಬರು ಅಲ್ಲಿಯವರೇ ಆದ ನ್ಗುಯೆನ್ ಥಿ ದಿನ್ ಎಂಬ ಹೆಂಗಸು. ಆ ಹೋರಾಟದ ಹೆಂಗಸರನ್ನು "ಉದ್ದ ಕೂದಲಿನ ಸೇನೆ" ಎಂದು ಕರೆದರು. 1966ರಿಂದ ಅಮೆರಿಕದ ಗನ್ ಹಾಕಿದ ದೋಣಿಗಳು ಇದೇ ನೀರಿನಲ್ಲಿ ಓಡಾಡಿದವು. ಮಿ ಥೋ ಪಕ್ಕದ ಡೋಂಗ್ ಟಾಮ್‌ನಲ್ಲಿ ಅವರ ಸೇನಾ ನೆಲೆ ಇತ್ತು, ಹೊಳೆಯ ಮರಳನ್ನೇ ಎತ್ತಿ ನೆಲ ಮಾಡಿ ಕಟ್ಟಿದ್ದು. ಹೋಗುವ ಮೊದಲು ಓದಿಕೊಂಡಿದ್ದೆ, ಹಾಗಾಗಿ ಗೈಡನ್ನು ಕೇಳಿದೆ. ಅವನಿಗೆ ಖುಷಿಯಾಯಿತು. ಯಾರೂ ಕೇಳುವುದಿಲ್ಲ, ಅದಕ್ಕೆ ಹೇಳುವುದಿಲ್ಲ ಅಂದ. ನೀವು ಕೇಳಿ.

ಚಿಕ್ಕ ದೋಣಿಯ ಪಯಣ ಹದಿನೈದೇ ನಿಮಿಷ. ಎರಡೂ ಕಡೆ "ನೀರಿನ ತೆಂಗು" ಎಂದು ಅವರು ಕರೆಯುವ ಗಿಡ, ಕಾಂಡವೇ ಕಾಣದೆ ಕೆಸರಿನಿಂದ ನೇರ ಗರಿ ಏಳುತ್ತದೆ. ಅಮ್ಮನಷ್ಟೇ ವಯಸ್ಸಿನ ಒಬ್ಬರು ಹುಟ್ಟು ಹಾಕುತ್ತಿದ್ದರು. ನಾವು ತಲುಪಿದ್ದು ತಡವಾಗಿ, ಇಳಿತ ಶುರುವಾಗಿತ್ತು. ಎರಡು ಕಡೆ ದೋಣಿ ತಳ ತಾಗಿತು. ಅವರು ಹುಟ್ಟನ್ನು ಕೆಸರಿಗೆ ಊರಿ ನೂಕಿದರು. ಇಳಿಯುವಾಗ ಅಮ್ಮ ಅವರ ಅಂಗೈ ಹಿಡಿದು ತಿರುಗಿಸಿ ನೋಡಿ, ತನ್ನದನ್ನೂ ತೋರಿಸಿದಳು. ಇಬ್ಬರೂ ನಕ್ಕರು. ಇಂಥವರಿಗೆ ಕೊಡಲು ಚಿಲ್ಲರೆ ಡಾಂಗ್ ನೋಟು ಇಟ್ಟುಕೊಂಡಿರಿ.

ಜೇನಿನ ಚಹಾ, ಹಣ್ಣು, ಹಾಡು ಎಲ್ಲ ಅವಸರದಲ್ಲಿ ಆಯಿತು. ಹಾಡುವುದು ಡೋನ್ ಕಾ ತಾಯ್ ತು, 2013ರಲ್ಲಿ ಯುನೆಸ್ಕೊ ಪಟ್ಟಿಗೆ ಸೇರಿದ ದಕ್ಷಿಣದ ಸಂಗೀತ. ಮೂರು ಹಾಡಿಗೆ ಎಬ್ಬಿಸಿಬಿಟ್ಟರು. ಇನ್ನೊಂದು ಮಾತು: ತೇಲುವ ಸಂತೆ ಈ ಟೂರಿನಲ್ಲಿ ಇಲ್ಲ. ಅದಕ್ಕೆ ಕಾನ್ ಥೋ ಊರಿನ ಹತ್ತಿರದ ಕಾಯ್ ರಾಂಗ್‌ಗೆ ಹೋಗಿ ರಾತ್ರಿ ಉಳಿದು ನಸುಕಿನಲ್ಲಿ ಏಳಬೇಕು.

ಇನ್ನೊಮ್ಮೆ ಹೋದರೆ ಎರಡು ದಿನ ಇಟ್ಟುಕೊಳ್ಳುತ್ತೇನೆ. ಒಂದು ದಿನ ಬೆನ್ ಡುಓಕ್‌ಗೆ. ಅಲ್ಲಿ ಸತ್ತವರ ಸ್ಮಾರಕ ಗುಡಿ ಇದೆ, ಗೋಡೆಗಳ ಮೇಲೆ 44 ಸಾವಿರಕ್ಕೂ ಹೆಚ್ಚು ಹೆಸರು ಕೆತ್ತಿದ್ದಾರೆ. ಅಲ್ಲಿಂದ ಸೈಗಾನ್ ಹೊಳೆಯೂ ಹತ್ತಿರ. ಆ ಹೊಳೆಯ ಆಚೆ ದಡದಲ್ಲಿ ಬೆನ್ ಸುಕ್ ಎಂಬ ಹಳ್ಳಿ ಇತ್ತು. 1967ರ ಜನವರಿಯಲ್ಲಿ ಅಮೆರಿಕದ ಸೇನೆ ಸುಮಾರು 6,000 ಜನರನ್ನು ಅಲ್ಲಿಂದ ಮತ್ತು ಸುತ್ತಲಿನ ಹಳ್ಳಿಗಳಿಂದ ಎಬ್ಬಿಸಿ, ಮನೆಗಳನ್ನು ಬುಲ್ಡೋಜರಿನಿಂದ ನೆಲಸಮ ಮಾಡಿತು.

ಅವತ್ತು ರಾತ್ರಿ ಹೋಟೆಲಿನಲ್ಲಿ ಊದಿದ ಕಾಲುಗಳನ್ನು ಬಿಸಿನೀರಿನಲ್ಲಿ ಇಟ್ಟುಕೊಂಡು ಕೂತಿದ್ದ ಅಮ್ಮನಿಗೆ ಈ ಹಳ್ಳಿಯ ಕಥೆ ಹೇಳಿದೆ. ಕನ್ನಡಕ ಹಾಕಿಕೊಂಡು ಫೋನಿನಲ್ಲಿ ಆ ಜಾಗ ತೋರಿಸು ಅಂದಳು. ತೋರಿಸಿದೆ. ಹೊಳೆಯ ತಿರುವನ್ನು ಬೆರಳಿನಿಂದ ದೊಡ್ಡದು ಮಾಡಿ ಮಾಡಿ ನೋಡಿ, "ಅವರು ದನಕರು ಏನು ಮಾಡಿದ್ರಂತೆ?" ಎಂದು ಕೇಳಿದಳು.