ಸ್ಯಾಂಟೊರಿನಿಯ ಫಾವಾ, ಬಸವನಗುಡಿಯ ಒಲೆಯ ಮೇಲೆ
ಗ್ರೀಸ್‌ನ ಸ್ಯಾಂಟೊರಿನಿ ದ್ವೀಪದಲ್ಲಿ ಮಳೆ ಕಡಿಮೆ. ಜ್ವಾಲಾಮುಖಿಯ ಬೂದಿಮಣ್ಣಲ್ಲಿ ಬೆಳೆಯುವ ಹಳದಿ ಬೇಳೆಯೇ ಅಲ್ಲಿ ಮನೆಮನೆಯ ಊಟ. ಹೆಸರು ಫಾವಾ. 1956ರ ಭೂಕಂಪದ ನಂತರ ತುಂಬಾ ಜನ ಊರು ಬಿಟ್ಟರು. ಆಮೇಲೆ ಹೊಲಗಳ ಜಾಗಕ್ಕೆ ಹೋಟೆಲ್‌ಗಳು ಬಂದವು. ನಮ್ಮ ದೇವನಹಳ್ಳಿ ಕಡೆಯ ದ್ರಾಕ್ಷಿ ತೋಟಗಳಿಗೂ ಹೀಗೇ ಆಯಿತು, ಅಲ್ವಾ? ನೆನೆದರೆ ಸಂಕಟವಾಗುತ್ತದೆ.

ಆ ಫಾವಾ ಬೇಳೆಯ ಬದಲಿಗೆ ನಾನು ಗಾಂಧಿ ಬಜಾರ್‌ನಿಂದ ಹಳದಿ ಬಟಾಣಿ ಬೇಳೆ ತರುತ್ತೇನೆ. ಒಂದು ಲೋಟ ಬೇಳೆಗೆ ಹೆಚ್ಚಿದ ಈರುಳ್ಳಿ, ಮೂರು ಲೋಟ ನೀರು ಹಾಕಿ ಸಣ್ಣ ಉರಿಯಲ್ಲಿ ಬೇಯಿಸಿ. ಕುಕ್ಕರ್ ಬೇಡ, ನೊರೆ ತೆಗೆಯುತ್ತಾ ಇರಬೇಕು. ಮುಕ್ಕಾಲು ಗಂಟೆಯಾದರೂ ಬೇಕು. ಬೇಳೆ ಕರಗಿದ ಮೇಲೆ ಉಪ್ಪು ಹಾಕಿ ಕಡಗೋಲಿನಿಂದ ಕಡೆಯಿರಿ. ಆರಿದಾಗ ಗಟ್ಟಿಯಾಗುತ್ತದೆ, ಸ್ವಲ್ಪ ತೆಳ್ಳಗಿರುವಾಗಲೇ ಇಳಿಸಿ. ಮೇಲೆ ಆಲಿವ್ ಎಣ್ಣೆ, ಹಸಿ ಈರುಳ್ಳಿ, ನಿಂಬೆರಸ. ದಯವಿಟ್ಟು ಒಗ್ಗರಣೆ ಹಾಕಬೇಡಿ. ನಮ್ಮತ್ತೆ ಚಪಾತಿ ಜೊತೆ ತಿನ್ನುತ್ತಾರೆ.