ಪೋರ್ಚುಗೀಸ್ ಸರ್ವನಾಮ: ಕ್ರಿಯಾಪದಕ್ಕೆ ಮೊದಲೋ, ಆಮೇಲೋ?

ಪೋರ್ಚುಗೀಸ್ ಕಲಿಯುವವರು ಕ್ರಿಯಾಪದದ ರೂಪಗಳನ್ನೆಲ್ಲ ಬಾಯಿಪಾಠ ಮಾಡಿಬಿಡುತ್ತಾರೆ. ಕೆಲಸಕ್ಕೆಂದು ಲಿಸ್ಬನ್‌ಗೆ ಹೊರಟವರಿರಲಿ, ಪಣಜಿಯ ಪತ್ರಾಗಾರದಲ್ಲಿ ಕೆಳದಿ ಅರಸರ ಕಾಲದ ಕಾಗದ ಓದಬೇಕೆನ್ನುವ ಇತಿಹಾಸದ ವಿದ್ಯಾರ್ಥಿಗಳಿರಲಿ, ಎಡವುವ ಜಾಗ ಒಂದೇ. ‘ಅವನನ್ನು’, ‘ಅವಳಿಗೆ’, ‘ಅದನ್ನು’ ಎನ್ನುವ ಪುಟ್ಟ ಪದಗಳನ್ನು ವಾಕ್ಯದಲ್ಲಿ ಎಲ್ಲಿ ಇಡುವುದೆಂದು ತಿಳಿಯದೆ ಒದ್ದಾಡುತ್ತಾರೆ. ಕೋಷ್ಟಕ ಕೇಳಿದರೆ ತಪ್ಪಿಲ್ಲದೆ ಒಪ್ಪಿಸುತ್ತಾರೆ, ವಾಕ್ಯ ಮಾತ್ರ ಕೆಡುತ್ತದೆ.

ಹಂತ 1: ದೇಶ ಆರಿಸಿಕೊಳ್ಳಿ

‘ನನಗೆ ಕೊಡು’ ಎನ್ನಲು ಬ್ರೆಜಿಲ್‌ನ ಆಡುಮಾತಿನಲ್ಲಿ ‘ಮಿ ದಾ’, ಪೋರ್ಚುಗಲ್‌ನಲ್ಲಿ ‘ದಾ-ಮೆ’. ಎರಡನ್ನೂ ಕಲಸಬೇಡಿ. ಎಷ್ಟೋ ಮೊಬೈಲ್ ಆ್ಯಪ್‌ಗಳು ಬ್ರೆಜಿಲ್‌ನ ಪೋರ್ಚುಗೀಸನ್ನೇ ಕಲಿಸುತ್ತವೆ, ಆದರೆ ಅದನ್ನು ಎದ್ದು ಕಾಣುವಂತೆ ಹೇಳುವುದಿಲ್ಲ. ಲಿಸ್ಬನ್‌ಗೆ ಹೋಗುವವರು, ಹಳೆಯ ದಾಖಲೆ ಓದುವವರು ಅಂಥ ಆ್ಯಪನ್ನು ಸರ್ವನಾಮದ ಮಟ್ಟಿಗೆ ನಂಬಲೇಬಾರದು. ಇಲ್ಲಿ ಹೇಳುವುದೆಲ್ಲ ಪೋರ್ಚುಗಲ್‌ನ ರೀತಿ.

ಹಂತ 2: ‘ಅನ್ನು’ ಯಾವುದು, ‘ಗೆ’ ಯಾವುದು

ಮೆ (ನನ್ನನ್ನು, ನನಗೆ), ತೆ (ನಿನ್ನನ್ನು, ನಿನಗೆ), ನುಶ್ (ನಮ್ಮನ್ನು, ನಮಗೆ) ಎರಡು ವಿಭಕ್ತಿಗೂ ಒಂದೇ. ತೊಂದರೆ ‘ಅವನು, ಅವಳು, ಅದು’ಗಳಲ್ಲಿ ಮಾತ್ರ. ‘ಅನ್ನು’ ಬಂದರೆ ಪುಲ್ಲಿಂಗಕ್ಕೆ ಉ, ಸ್ತ್ರೀಲಿಂಗಕ್ಕೆ ಅ, ಹಲವಿದ್ದರೆ ಉಶ್, ಅಶ್. ‘ಗೆ’ ಬಂದರೆ ಲ್ಯೆ, ಹಲವರಿದ್ದರೆ ಲ್ಯೆಶ್.

ಕನ್ನಡದ ವಿಭಕ್ತಿ ಗೊತ್ತಿರುವುದರಿಂದ ನಮಗೆ ಇದು ಸಲೀಸು. ಆದರೆ ಎರಡು ಕ್ರಿಯಾಪದಗಳನ್ನು ಪ್ರತ್ಯೇಕವಾಗಿ ನೆನಪಿಡಿ. ನಾವು ‘ಅವನಿಗೆ ಸಹಾಯ ಮಾಡಿದೆ’ ಎನ್ನುತ್ತೇವೆ, ಅಲ್ಲಿ ‘ಅವನನ್ನು’: ಅಜುದೇಯ್-ಉ. ನಾವು ‘ಅವನನ್ನು ಕೇಳಿದೆ’ ಎನ್ನುತ್ತೇವೆ, ಅಲ್ಲಿ ‘ಅವನಿಗೆ’: ಪೆರ್ಗುಂತೇಯ್-ಲ್ಯೆ. ಕನ್ನಡಿಗರು ಈ ಎರಡನ್ನು ಅದಲುಬದಲು ಮಾಡದೆ ಬಿಡುವುದು ಅಪರೂಪ.

ಹಂತ 3: ಕ್ರಿಯಾಪದದ ಎಡಕ್ಕೆ ನೋಡಿ

ನಿಧಾನವಾಗಿ ಓದಬೇಕಾದದ್ದು ಇದನ್ನೇ. ಸಾದಾ ವಾಕ್ಯದಲ್ಲಿ ಸರ್ವನಾಮ ಕ್ರಿಯಾಪದದ ನಂತರ, ಕಿರುಗೆರೆ ಹಾಕಿಕೊಂಡು ಬರುತ್ತದೆ: ವೇಜು-ಅ, ‘ಅವಳನ್ನು ನೋಡುತ್ತೇನೆ’. ಸರ್ವನಾಮದಿಂದಲೇ ವಾಕ್ಯ ಶುರುವಾಗಕೂಡದು.

ಇನ್ನು ಕ್ರಿಯಾಪದದ ಮೇಲೆ ಬೆರಳಿಟ್ಟು ಅದರ ಎಡಕ್ಕಿರುವ ಪದಗಳನ್ನು ನೋಡಿ. ಅಲ್ಲಿ ‘ಇಲ್ಲ’ ಎನ್ನುವ ನಾಂವ್, ‘ಎಂದೂ ಇಲ್ಲ’ ಎನ್ನುವ ನುಂಕ ಇದ್ದರೆ ಸರ್ವನಾಮ ಕ್ರಿಯಾಪದಕ್ಕೆ ಮೊದಲು ಬರುತ್ತದೆ, ಕಿರುಗೆರೆ ಬಿದ್ದುಹೋಗುತ್ತದೆ: ನಾಂವ್ ಅ ವೇಜು. ‘ಯಾರು, ಯಾವಾಗ, ಎಲ್ಲಿ’ ಎಂಬ ಪ್ರಶ್ನಾಪದವಿದ್ದರೂ ಹೀಗೆಯೇ. ‘ಎಂದು’ ಅರ್ಥದ ಕೆ, ‘ಏಕೆಂದರೆ’ ಅರ್ಥದ ಪುರ್ಕೆ, ‘ಆಗಲೇ’ ಎನ್ನುವ ಜಾ, ‘ಕೂಡ’ ಎನ್ನುವ ತಂಬೇಂ, ‘ಎಲ್ಲರೂ’ ಎನ್ನುವ ತೋದುಶ್ ಇವೂ ಸರ್ವನಾಮವನ್ನು ತಮ್ಮ ಕಡೆಗೆ ಎಳೆದುಕೊಳ್ಳುತ್ತವೆ.

ಎಳೆಯದಿರುವವನ್ನೂ ಗುರುತಿಸಿಕೊಳ್ಳಿ. ‘ಆದರೆ’ ಎನ್ನುವ ಮಶ್, ‘ಮತ್ತು’ ಎನ್ನುವ ಇ, ವ್ಯಕ್ತಿಯ ಹೆಸರು, ಇವು ಎಳೆಯುವುದಿಲ್ಲ. ಮಶ್ ವೇಜು-ಅ ಎಂದೇ ಬರೆಯಬೇಕು. ‘ಆದರೆ’ ಕಂಡ ಕೂಡಲೇ ಸರ್ವನಾಮವನ್ನು ಮುಂಚೆ ತಂದು ಕೂರಿಸುವುದು ಅತಿಬುದ್ಧಿವಂತರ ತಪ್ಪು. ನಿಯಮ ಕಲಿತ ಹೊಸತರಲ್ಲಿ ಬಹಳ ಮಂದಿ ಇದನ್ನು ಮಾಡುತ್ತಾರೆ.

1961ರ ಆಗಸ್ಟ್‌ನಲ್ಲಿ ರಾಜೀನಾಮೆ ಕೊಟ್ಟ ಬ್ರೆಜಿಲ್ ಅಧ್ಯಕ್ಷ ಜಾನಿಯು ಕ್ವಾದ್ರುಸ್ ಹೆಸರಿಗೆ ಒಂದು ಮಾತು ಅಂಟಿಕೊಂಡಿದೆ: ‘ಫೀ-ಲು ಪುರ್ಕೆ ಕೀ-ಲು’, ಅಂದರೆ ‘ಬೇಕೆನಿಸಿತು, ಮಾಡಿದೆ’. ಈ ಹಂತಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ಸಿಗುವುದಿಲ್ಲ. ಮೊದಲ ಕ್ರಿಯಾಪದದ ಎಡಕ್ಕೆ ಏನೂ ಇಲ್ಲ, ಫೀ-ಲು ಸರಿ (ಉ ಇಲ್ಲಿ ‘ಲು’ ಆದದ್ದೇಕೆಂದು ಹಂತ 4ರಲ್ಲಿದೆ). ಎರಡನೆಯದರ ಎಡಕ್ಕೆ ಪುರ್ಕೆ ಇದೆ, ಹಾಗಾಗಿ ‘ಪುರ್ಕೆ ಉ ಕೀಶ್’ ಎಂದಿರಬೇಕಿತ್ತು.

ಹಂತ 4: ಕ್ರಿಯಾಪದದ ಕೊನೆಯ ಅಕ್ಷರ ನೋಡಿ

ಸರ್ವನಾಮ ನಂತರ ಬಂದಾಗ ಮಾತ್ರ ಈ ಹಂತ, ಅದೂ ಉ, ಅ, ಉಶ್, ಅಶ್‌ಗಳಿಗೆ. ಬರಹದಲ್ಲಿ ಕ್ರಿಯಾಪದ ಆರ್, ಎಸ್ ಅಥವಾ ಝಡ್‌ನಿಂದ ಮುಗಿದರೆ ಆ ಅಕ್ಷರ ಹೋಗಿ ಸರ್ವನಾಮಕ್ಕೆ ‘ಲ’ಕಾರ ಬರುತ್ತದೆ. ಫಝೇರ್ (ಮಾಡುವುದು) ಜೊತೆ ಉ ಸೇರಿದರೆ ಫಝೇ-ಲು. ಕೊಂಪ್ರಾರ್ (ಕೊಳ್ಳುವುದು) ಜೊತೆ ಅ ಸೇರಿದರೆ ಕೊಂಪ್ರಾ-ಲ. ಇಲ್ಲಿ ‘ಪ್ರಾ’ದ ಮೇಲಿನ ಒತ್ತುಗುರುತು ಬರೆಯಲು ಮರೆತರೆ ‘ನೀನು ಅದನ್ನು ಕೊಳ್ಳುತ್ತೀ’ ಎಂಬ ಬೇರೆಯದೇ ರೂಪವಾಗುತ್ತದೆ.

ಮೂಗಿನ ಧ್ವನಿಯಿಂದ ಮುಗಿದರೆ ‘ನ’ಕಾರ: ಕೊಂಪ್ರಂವ್-ನು, ‘ಅದನ್ನು ಕೊಳ್ಳುತ್ತಾರೆ’. ಇದರಲ್ಲೊಂದು ಗೊಂದಲವಿದೆ. ‘ವೀರಂವ್-ನುಶ್’ ಎಂದರೆ ‘ಅವರನ್ನು ನೋಡಿದರು’ ಎಂದೂ ಆಗುತ್ತದೆ, ‘ನಮ್ಮನ್ನು ನೋಡಿದರು’ ಎಂದೂ ಆಗುತ್ತದೆ. ನಾಂವ್ ಸೇರಿದರೆ ಗೊಂದಲ ತಾನಾಗಿ ಬಿಡಿಸಿಕೊಳ್ಳುತ್ತದೆ: ‘ನಾಂವ್ ಉಶ್ ವೀರಂವ್’ ಅವರನ್ನು, ‘ನಾಂವ್ ನುಶ್ ವೀರಂವ್’ ನಮ್ಮನ್ನು.

ಹಂತ 5: ಭವಿಷ್ಯತ್ಕಾಲಕ್ಕೆ ಅಡ್ಡದಾರಿ

‘ಅವನಿಗೆ ಕೊಡುವೆನು’ ಎನ್ನಲು ವ್ಯಾಕರಣ ಪುಸ್ತಕಗಳು ಕ್ರಿಯಾಪದವನ್ನು ಸೀಳಿ ನಡುವೆ ಸರ್ವನಾಮ ಇಡುತ್ತವೆ: ದಾರ್-ಲ್ಯೆ-ಏಯ್. ಕಾನೂನು ಪತ್ರ, ಹಳೆಯ ದಾಖಲೆ ಓದುವಾಗ ಗುರುತು ಸಿಕ್ಕರೆ ಸಾಕು. ಮಾತಾಡಲು ‘ವೋ ದಾರ್-ಲ್ಯೆ’ ಅನ್ನಿ. ಇದು ಶುದ್ಧ ಪೋರ್ಚುಗೀಸೇ, ಲಿಸ್ಬನ್ ಜನ ದಿನವೂ ಹೀಗೆಯೇ ಮಾತಾಡುತ್ತಾರೆ.

ಹಂತ 6: ಎರಡು ಸರ್ವನಾಮ ಒಟ್ಟಿಗೆ ಬಂದರೆ

‘ಅವನಿಗೆ ಚಾವಿ ಕೊಡುತ್ತೇನೆ’ ಎಂಬುದು ‘ದೋ-ಲ್ಯೆ ಅ ಶಾವೆ’. ಚಾವಿಯ ಜಾಗದಲ್ಲಿ ‘ಅದನ್ನು’ ಬಂದರೆ ಲ್ಯೆ ಮತ್ತು ಅ ಕೂಡಿ ‘ದೋ-ಲ್ಯ’ ಆಗುತ್ತದೆ. ಮೆ, ಉ ಸೇರಿ ಮು, ತೆ, ಉ ಸೇರಿ ತು. ಆರಂಭದಲ್ಲಿ ಇವನ್ನು ಬಳಸಲು ಹೋಗಬೇಡಿ, ಕಿವಿಗೆ ಬಿದ್ದಾಗ ಅರ್ಥವಾದರೆ ಆಯಿತು.

ಅಭ್ಯಾಸಕ್ಕೆ ಖಾಲಿ ಜಾಗ ತುಂಬುವ ಪುಸ್ತಕ ಕೊಳ್ಳಬೇಡಿ. ಅವು ಸರ್ವನಾಮ ಯಾವುದೆಂದು ಕೇಳುತ್ತವೆ, ಅದರ ಜಾಗವನ್ನು ತಾವೇ ತೋರಿಸಿಬಿಡುತ್ತವೆ. ನಿಮ್ಮದೇ ಒಂದು ವಾಕ್ಯ ಬರೆದು ಅದಕ್ಕೆ ಮೊದಲು ನಾಂವ್ ಸೇರಿಸಿ, ಆಮೇಲೆ ಅದನ್ನು ತೆಗೆದು ತಂಬೇಂ, ಕೊನೆಗೆ ಅದನ್ನೂ ತೆಗೆದು ಮಶ್. ನಾಂವ್ ಮತ್ತು ತಂಬೇಂಗೆ ಸರ್ವನಾಮ ಮೊದಲು ಬಂದು, ಮಶ್ ಬಂದಾಗ ಕಿರುಗೆರೆ ಸಮೇತ ವಾಪಸಾಗಿದ್ದರೆ ಮುಂದಿನ ವಾಕ್ಯಕ್ಕೆ ಹೋಗಿ.