ಸುಮ್ನೆ ಕೂತ ಮಂಗವನ್ನು ನೋಡಲು ಕಲಿತದ್ದು

ಮೊದಲ ತಿಂಗಳು ನಾನು ಬರೆದುಕೊಂಡ ಟಿಪ್ಪಣಿಗಳಲ್ಲಿ ಉಪಯೋಗಕ್ಕೆ ಬಂದದ್ದು ಒಂದು ಪುಟವೂ ಇಲ್ಲ. ಬೆಳಿಗ್ಗೆ ಆರೂವರೆಗೆ ಚಾಮುಂಡಿ ಬೆಟ್ಟದ ಮೆಟ್ಟಿಲು ಹತ್ತುತ್ತಿದ್ದೆ. ನಂದಿಯ ಆಸುಪಾಸಿನಲ್ಲಿ ಒಂದು ಮಂಗಗಳ ಗುಂಪು ಸಿಗುತ್ತಿತ್ತು. ಸಂಜೆಯವರೆಗೂ ಅದರ ಹಿಂದೆ ಅಲೆದು ಕಂಡದ್ದನ್ನೆಲ್ಲ ಬರೆಯುತ್ತಿದ್ದೆ. ತಿಂಗಳ ಕೊನೆಗೆ ನೋಟ್‌ಬುಕ್ ತಂದು, ನನಗೆ ಈ ಅಧ್ಯಯನ ಕಲಿಸುತ್ತಿದ್ದ ಮೇಷ್ಟ್ರ ಮುಂದಿಟ್ಟೆ. ಅವರು ನಿಧಾನವಾಗಿ ಹಾಳೆ ತಿರುವಿದರು. ಆಮೇಲೆ ಕೇಳಿದರು: "ಈ ಮಂಗಗಳು ದಿನವಿಡೀ ಜಗಳವನ್ನೇ ಆಡ್ತಾವಾ?"

ಹೌದು, ನಾನು ಬರೆದದ್ದೆಲ್ಲ ಅದೇ. ಕಿರುಚಾಟ, ಕಚ್ಚಾಟ, ಭಕ್ತರ ಕೈಯಿಂದ ತೆಂಗಿನಕಾಯಿ ಹೋಳು ಕಿತ್ತುಕೊಂಡದ್ದು, ದೊಡ್ಡ ಗಂಡು ಇನ್ನೊಂದನ್ನು ಅಟ್ಟಿಸಿಕೊಂಡು ಹೋದದ್ದು. ಸದ್ದಾದ ಕಡೆಗೇ ಕಣ್ಣು ಹೋಗುತ್ತದೆ, ಅಲ್ವಾ? ಬಂಡೆಯ ಹಿಂದೆ ಎರಡು ಹೆಣ್ಣುಗಳು ಅರ್ಧ ಗಂಟೆ ಒಂದರ ತಲೆ ಇನ್ನೊಂದು ನೋಡುತ್ತಾ ಕೂತಿದ್ದರೆ ನನ್ನ ಪುಸ್ತಕದಲ್ಲಿ ಅದಕ್ಕೆ ಜಾಗವೇ ಇರಲಿಲ್ಲ.

ಈ ತೊಂದರೆ ನನ್ನೊಬ್ಬರದಲ್ಲ. ಕೀನ್ಯಾದ ಅಂಬೊಸೆಲಿಯಲ್ಲಿ ಬಬೂನ್ ಎಂಬ ಮಂಗಗಳ ಅಧ್ಯಯನ ಮಾಡಿದ ಜೀನ್ ಆಲ್ಟ್‌ಮನ್ 1974ರಲ್ಲಿ ಇದರ ಬಗ್ಗೆಯೇ ಒಂದು ದೊಡ್ಡ ಲೇಖನ ಬರೆದರು. ಯಾರನ್ನು, ಯಾವಾಗ, ಎಷ್ಟು ಹೊತ್ತು ನೋಡಬೇಕು ಎಂಬುದನ್ನು ಮೊದಲೇ ಗೊತ್ತು ಮಾಡಿಕೊಳ್ಳಬೇಕು, ಆ ಕ್ಷಣದ ಕುತೂಹಲಕ್ಕೆ ಬಿಡಬಾರದು ಎನ್ನುವುದು ಅದರ ತಿರುಳು. ಮೇಷ್ಟ್ರು ಅದನ್ನು ಕೈಗೆ ಕೊಟ್ಟು, ಓದಿಕೊಂಡು ಮತ್ತೆ ಬೆಟ್ಟಕ್ಕೆ ಹೋಗು ಅಂದರು.

ಆದರೆ ಅದಕ್ಕೂ ಮೊದಲು ಪ್ರತಿಯೊಂದು ಮಂಗದ ಗುರುತು ಸಿಗಬೇಕಿತ್ತು. ನಮ್ಮೂರುಗಳಲ್ಲಿ ಬರೀ ಮಂಗ, ಕೋತಿ ಅಂತ ಕರೆಯುವ ಪ್ರಾಣಿ ಇದು. ಇಂಗ್ಲಿಷಿನಲ್ಲಿ ಬಾನೆಟ್ ಮಕಾಕ್. ನೆತ್ತಿಯ ಕೂದಲು ಸುತ್ತಲೂ ಹರಡಿ ಟೋಪಿ ಇಟ್ಟಂತೆ ಕಾಣುತ್ತದೆ. ಭಾರತದ ದಕ್ಷಿಣ ಭಾಗ ಬಿಟ್ಟರೆ ಜಗತ್ತಿನ ಬೇರೆ ಯಾವ ಕಾಡಿನಲ್ಲೂ ಇದು ಸಹಜವಾಗಿ ಇಲ್ಲ. ದಿನಾ ನೋಡುವುದರಿಂದ ನಮಗೆ ಅದರ ಬೆಲೆ ಗೊತ್ತಾಗುವುದಿಲ್ಲ.

ಗುಂಪಿನಲ್ಲಿ 27 ಮಂಗಗಳಿದ್ದವು. ಗುರುತು ಹಚ್ಚಲು ಐದು ವಾರ ಹಿಡಿಯಿತು. ಕಿವಿಯ ಸೀಳು, ಬಾಲದ ತಿರುವು, ತುಟಿಯ ಮೇಲಿನ ಗಾಯದ ಕಲೆ, ಮುಖದ ಬಣ್ಣ, ಇಲ್ಲದ ಬೆರಳು, ಹೀಗೆ ಪ್ರತಿಯೊಂದಕ್ಕೂ ಒಂದು ಕಾರ್ಡು ಮಾಡಿ ಮುಖದ ಚಿತ್ರ ಬರೆದೆ. ಫೋಟೊಗಿಂತ ಕೈಯಲ್ಲಿ ಬರೆದ ಚಿತ್ರವೇ ನನಗೆ ಜಾಸ್ತಿ ಸಹಾಯ ಮಾಡಿತು. ಬರೆಯಬೇಕಾದರೆ ನೋಡಲೇಬೇಕಲ್ಲ. ಸೀಳುಗಿವಿ, ಕೊಕ್ಕೆಬಾಲ, ಮಚ್ಚೆ, ಕೆಂಪಿ ಎಂದೆಲ್ಲ ಹೆಸರಿಟ್ಟೆ. ಜಪಾನಿನ ಸಂಶೋಧಕರು ತಮ್ಮ ಮಂಗಗಳಿಗೆ ಹೀಗೆ ಒಂದೊಂದಾಗಿ ಹೆಸರಿಟ್ಟು ವರ್ಷಗಟ್ಟಲೆ ನೋಡಿದ್ದರಿಂದಲೇ, 1953ರಲ್ಲಿ ಕೋಶಿಮಾ ದ್ವೀಪದಲ್ಲಿ ಗೆಣಸನ್ನು ಮೊದಲು ನೀರಲ್ಲಿ ತೊಳೆದದ್ದು ಇಮೊ ಎಂಬ ಪುಟ್ಟ ಹೆಣ್ಣು ಎಂದು ಹೇಳಲು ಸಾಧ್ಯವಾಯಿತು.

ಬೆಟ್ಟದ ಮಂಗಗಳಿಗೆ ಮನುಷ್ಯರ ಹೆದರಿಕೆ ಇಲ್ಲ. ಕಷ್ಟ ಬೇರೆಯದು. ಅವುಗಳ ಲೆಕ್ಕದಲ್ಲಿ ಮನುಷ್ಯ ಎಂದರೆ ಚೀಲ, ಚೀಲ ಎಂದರೆ ತಿಂಡಿ. ಹಾಗಾಗಿ ನಾನು ಅವುಗಳಿಗೆ ಬೇಡವಾದ ವಸ್ತು ಆಗಬೇಕಿತ್ತು. ಚೀಲ ಬಿಟ್ಟೆ. ಹತ್ತಿರದಲ್ಲಿ ಏನನ್ನೂ ತಿನ್ನಲಿಲ್ಲ. ದಿನಾ ಅದೇ ಮಾಸಿದ ಹಸಿರು ಅಂಗಿ. ಪುಸ್ತಕವನ್ನು ದಾರದಿಂದ ಸೊಂಟಕ್ಕೆ ಕಟ್ಟಿಕೊಂಡೆ. ಕಣ್ಣಿಗೆ ಕಣ್ಣಿಟ್ಟು ನೋಡುವುದನ್ನು ನಿಲ್ಲಿಸಿದೆ, ಏಕೆಂದರೆ ಮಂಗಗಳಲ್ಲಿ ದಿಟ್ಟಿಸುವುದು ಎಂದರೆ ಬೆದರಿಸುವುದು. ಅರಣ್ಯ ಇಲಾಖೆಯ ಅನುಮತಿ ಪತ್ರದ ಜೊತೆ ರೇಬೀಸ್ ಲಸಿಕೆಯನ್ನೂ ಮೊದಲೇ ಮಾಡಿಸಿಕೊಂಡಿದ್ದೆ. ಈ ಕೆಲಸಕ್ಕೆ ಇಳಿಯುವವರು ಇವೆರಡನ್ನೂ ಮರೆಯಬೇಡಿ.

ಆಮೇಲೆ ನಿಜವಾದ ಕೆಲಸ ಶುರುವಾಯಿತು. ಹದಿನೈದು ನಿಮಿಷಕ್ಕೊಮ್ಮೆ ಗಡಿಯಾರ ಸದ್ದು ಮಾಡುತ್ತಿತ್ತು. ತಕ್ಷಣ ಎಡದಿಂದ ಬಲಕ್ಕೆ ಕಣ್ಣು ಹಾಯಿಸಿ, ಕಾಣುವ ಪ್ರತಿಯೊಂದು ಮಂಗವೂ ಆ ಗಳಿಗೆಯಲ್ಲಿ ಏನು ಮಾಡುತ್ತಿದೆ ಎಂದು ಗುರುತು ಹಾಕುವುದು. ನಡುವಿನ ಹೊತ್ತಿನಲ್ಲಿ ಒಂದೇ ಮಂಗವನ್ನು ಹತ್ತು ನಿಮಿಷ ನೋಡುವುದು. ಯಾವುದನ್ನು ನೋಡಬೇಕು ಎಂದು ನಾನು ಆರಿಸುವಂತಿಲ್ಲ. ಬೆಳಿಗ್ಗೆಯೇ ಚೀಟಿ ಎತ್ತಿ ಸರದಿ ಹಾಕಿಕೊಳ್ಳುತ್ತಿದ್ದೆ. ಪಕ್ಕದಲ್ಲೇ ದೊಡ್ಡ ಗಲಾಟೆ ಆದರೂ ಆ ಹತ್ತು ನಿಮಿಷ ಚೀಟಿಯ ಮಂಗವೇ ನನ್ನ ಪ್ರಪಂಚ. ಮೊದಲ ವಾರ ಅದು ಹಿಂಸೆಯಾಗಿತ್ತು.

ಭಾಷೆಯನ್ನೂ ತಿದ್ದಿಕೊಳ್ಳಬೇಕಾಯಿತು. "ಸೀಳುಗಿವಿಗೆ ಕೋಪ ಬಂತು" ಎಂದು ಬರೆದರೆ ಮೇಷ್ಟ್ರು ಕೆಂಪು ಗೆರೆ ಎಳೆಯುತ್ತಿದ್ದರು. "ಕೋಪ ಕಂಡಿದ್ಯಾ? ಕಂಡದ್ದನ್ನು ಬರಿ." ಕಂಡದ್ದು ಏನು? ಹುಬ್ಬು ಮೇಲೇರಿತು, ಬಾಯಿ ಅರ್ಧ ತೆರೆಯಿತು, ಕತ್ತು ಮುಂದೆ ಬಂತು. ಹಾಗೆ ಬರೆಯತೊಡಗಿದ ಮೇಲೆ ಎಷ್ಟೋ ಸಣ್ಣ ಸಂಗತಿಗಳು ಕಾಣಿಸತೊಡಗಿದವು.

ಆಗಲೇ ಮಚ್ಚೆ ನನಗೆ ಮೊದಲ ಸಲ ಕಂಡದ್ದು. ಗುಂಪಿನಲ್ಲಿ ತೀರಾ ಕೆಳಗಿನ ಸ್ಥಾನದ ಹೆಣ್ಣು ಅದು. ಈ ಮಂಗಗಳಲ್ಲಿ ಹೆಣ್ಣು ಹುಟ್ಟಿದ ಗುಂಪಿನಲ್ಲೇ ಉಳಿಯುತ್ತದೆ. ತಾಯಿಯ ಸ್ಥಾನ ಎಲ್ಲಿದೆಯೋ ಸಾಮಾನ್ಯವಾಗಿ ಅದರ ಹತ್ತಿರದಲ್ಲೇ ಮಗಳ ಸ್ಥಾನ. ಗಂಡುಗಳು ಬೆಳೆದು ಬೇರೆ ಗುಂಪಿಗೆ ಹೋಗುತ್ತವೆ. ಮಚ್ಚೆ ಎಂದೂ ಜಗಳ ಆಡುತ್ತಿರಲಿಲ್ಲ, ಹಾಗಾಗಿ ಮೊದಲ ತಿಂಗಳ ಪುಸ್ತಕದಲ್ಲಿ ಅದರ ಸುದ್ದಿಯೇ ಇರಲಿಲ್ಲ. ಈಗ ಅದರ ಚೀಟಿ ಬಂದಾಗಲೆಲ್ಲ ಒಂದೇ ವಿಷಯ ಎದ್ದು ಕಾಣುತ್ತಿತ್ತು. ಅದು ಎರಡು ತುತ್ತಿಗೊಮ್ಮೆ ತಲೆಯೆತ್ತಿ ಸುತ್ತ ನೋಡುತ್ತಿತ್ತು. ಭಕ್ತರು ಬಾಳೆಹಣ್ಣನ್ನು ರಾಶಿ ಸುರಿದಾಗ ಹತ್ತಿರಕ್ಕೂ ಬರುತ್ತಿರಲಿಲ್ಲ. ರಾಶಿಯನ್ನು ಒಂದೆರಡು ಬಲವಾದ ಮಂಗಗಳು ಕಾಯಬಲ್ಲವು. ಬೇಲಿಯುದ್ದಕ್ಕೂ ಚದುರಿದ ಲಂಟಾನ ಹಣ್ಣನ್ನು ಯಾರು ಕಾಯುತ್ತಾರೆ? ಮಚ್ಚೆ ಅಲ್ಲಿ ನೆಮ್ಮದಿಯಾಗಿ ತಿನ್ನುತ್ತಿತ್ತು, ಕೆನ್ನೆಯ ಚೀಲ ತುಂಬಿಕೊಂಡು ಮರ ಹತ್ತುತ್ತಿತ್ತು. ನಾವು ಪ್ರೀತಿಯಿಂದ ಹಾಕುವ ಹಣ್ಣು ಗುಂಪಿನಲ್ಲಿ ಕಚ್ಚಾಟ ಹೆಚ್ಚಿಸುತ್ತದೆ, ಹಸಿದದ್ದಕ್ಕೆ ಸಿಗುವುದೂ ಇಲ್ಲ. ಇದನ್ನು ಕಣ್ಣಾರೆ ಕಂಡ ಮೇಲೆ ನಾನು ಮೆಟ್ಟಿಲಲ್ಲಿ ಸಿಕ್ಕಿದವರನ್ನೆಲ್ಲ ನಿಲ್ಲಿಸಿ ಹೇಳುತ್ತಿದ್ದೆ. ಕೆಲವರು ಕೇಳಿದರು.

ಫೆಬ್ರುವರಿಯಿಂದ ಏಪ್ರಿಲ್ ಮರಿಗಳ ಕಾಲ. ಮಚ್ಚೆಗೂ ಒಂದು ಮರಿಯಾಯಿತು. ಕಪ್ಪು ಕೂದಲು, ನಸುಗೆಂಪು ಮುಖ. ಐದು ವಾರ ಕಳೆದಿರಬಹುದು, ಬೆಟ್ಟದ ರಸ್ತೆಯಲ್ಲಿ ಒಂದು ವಾಹನಕ್ಕೆ ಸಿಕ್ಕು ಮರಿ ಸತ್ತಿತು. ಮಚ್ಚೆ ಅದನ್ನು ಬಿಡಲಿಲ್ಲ. ಒಂದು ಕೈಯಲ್ಲಿ ಎದೆಗೆ ಒತ್ತಿಕೊಂಡು ಮೂರು ಕಾಲಲ್ಲಿ ಗುಂಪಿನ ಹಿಂದೆ ಕುಂಟುತ್ತಾ ನಡೆಯುತ್ತಿತ್ತು.

ಮರುದಿನ ಚೀಟಿಯಲ್ಲಿ ಮಚ್ಚೆಯ ಹೆಸರೇ ಬಂತು. ನನಗೆ ನೋಡಲು ಮನಸ್ಸಿರಲಿಲ್ಲ. ಮೇಷ್ಟ್ರಿಗೆ ಫೋನ್ ಮಾಡಿ, ಇವತ್ತು ಬೇರೆ ಚೀಟಿ ಎತ್ತಲಾ ಎಂದು ಕೇಳಿದೆ. ಅವರು ಧಾರವಾಡದ ಕಥೆ ಹೇಳಿದರು. 1960ರ ದಶಕದ ಆರಂಭದಲ್ಲಿ ಜಪಾನಿನ ಸಂಶೋಧಕ ಯುಕಿಮಾರು ಸುಗಿಯಾಮಾ ಅಲ್ಲಿಯ ಕಾಡಿನಲ್ಲಿ ಮುಸುವಗಳ ಹಿಂದೆ ಅಲೆಯುತ್ತಿದ್ದಾಗ, ಗುಂಪನ್ನು ಹೊಸದಾಗಿ ವಶ ಮಾಡಿಕೊಂಡ ಗಂಡು ಮರಿಗಳನ್ನು ಕೊಲ್ಲುವುದನ್ನು ಕಂಡು ಹಾಗೇ ದಾಖಲಿಸಿದರು. ಎಷ್ಟೋ ಮಂದಿಗೆ ಅದು ನಂಬಲಾಗದ ಮಾತಾಗಿತ್ತು. 1970ರ ದಶಕದಲ್ಲಿ ರಾಜಸ್ಥಾನದ ಅಬು ಬೆಟ್ಟದಲ್ಲಿ ಅಮೆರಿಕದ ಸಂಶೋಧಕಿ ಸಾರಾ ಹರ್ಡಿ ಮುಸುವಗಳನ್ನೇ ಗಮನಿಸಿ, ಮರಿ ಸತ್ತರೆ ತಾಯಿ ಬೇಗ ಮತ್ತೆ ಬೆದೆಗೆ ಬರುತ್ತದೆ, ಹೊಸ ಗಂಡಿಗೆ ಅದರಿಂದ ಲಾಭ ಎಂದು ವಿವರಿಸಿದರು. "ನೋಡಕ್ಕಾಗಲ್ಲ ಅಂತ ಅವರು ಬಿಟ್ಟುಬಿಟ್ಟಿದ್ರೆ?" ಅಂದರು ಮೇಷ್ಟ್ರು.

ಕೂತು ಬರೆದೆ. "9.20. ಮರಿಯನ್ನು ತೊಡೆಯ ಮೇಲೆ ಇಟ್ಟುಕೊಂಡಿದೆ. 9.22. ಮರಿಯ ಮುಖದ ಮೇಲಿನ ನೊಣವನ್ನು ಕೈಯಿಂದ ಓಡಿಸಿತು. 9.23. ಮತ್ತೆ ಓಡಿಸಿತು. 9.26. ಕೆಂಪಿ ಬಂತು, ಪಕ್ಕದಲ್ಲಿ ಕೂತಿತು, ಮಚ್ಚೆಯ ಬೆನ್ನಿನ ಕೂದಲು ಬಿಡಿಸತೊಡಗಿತು." ದುಃಖ ಎಂಬ ಪದವನ್ನು ನಾನು ಎಲ್ಲೂ ಬರೆಯಲಿಲ್ಲ. ಮೇಷ್ಟ್ರು ಆ ಪುಟದಲ್ಲಿ ಒಂದೂ ಕೆಂಪು ಗೆರೆ ಎಳೆಯಲಿಲ್ಲ. ಮೂರನೇ ದಿನ ಮಧ್ಯಾಹ್ನ ಮಚ್ಚೆಯ ಕೈ ಖಾಲಿಯಾಗಿತ್ತು.

ಆ ವರ್ಷದ ಕೊನೆಗೆ ಕೊಕ್ಕೆಬಾಲ ಗುಂಪಿನಿಂದ ಕಾಣೆಯಾಯಿತು. ಪ್ರಾಯಕ್ಕೆ ಬಂದಿದ್ದ ಗಂಡು. ಹತ್ತು ದಿನ ಹುಡುಕಿ, ಸತ್ತಿರಬಹುದು ಎಂದುಕೊಂಡು ಕಾರ್ಡನ್ನು ಬೇರೆ ಇಟ್ಟೆ. ಎರಡು ತಿಂಗಳ ಮೇಲೆ ಬೆಟ್ಟದ ತಪ್ಪಲಲ್ಲಿ ಬಸ್ಸಿಗೆ ಕಾಯುತ್ತಿದ್ದೆ. ಬೇರೊಂದು ಗುಂಪು ರಸ್ತೆ ದಾಟುತ್ತಿತ್ತು. ಎಲ್ಲಕ್ಕಿಂತ ಹಿಂದೆ, ಸ್ವಲ್ಪ ದೂರ ಬಿಟ್ಟು, ಒಂದು ಗಂಡು ಬರುತ್ತಿತ್ತು. ಬಾಲದ ತುದಿ ಎಡಕ್ಕೆ ಮಡಚಿಕೊಂಡಿತ್ತು. ಬಸ್ಸು ಬಂದು ನಿಂತಿತು, ನಾನು ಹತ್ತಲಿಲ್ಲ. ಆ ಗುಂಪಿನ ಇನ್ನೊಂದು ಗಂಡು ತಿರುಗಿ ಬಂದು ಅದರ ಎದುರು ನಿಂತಿತು, ತುಟಿ ಚಪ್ಪರಿಸಿತು, ಆಮೇಲೆ ಎರಡೂ ಒಂದನ್ನೊಂದು ಅಪ್ಪಿಕೊಂಡವು. ಪುಸ್ತಕ ಬಿಚ್ಚಿ ಹೊತ್ತು ಬರೆದುಕೊಂಡೆ: 5.40. ಕೊಕ್ಕೆಬಾಲ.